ಬಿಗ್ ಬಾಸ್ ಮನೆ ಮತ್ತು ನಮ್ಮ ಮನೆ

1999ರಲ್ಲಿ ನೆದರ್‌ಲ್ಯಾಂಡ್ಸ್‌ನಲ್ಲಿ 'ಬಿಗ್ ಬ್ರದರ್' ಎಂಬ ಹೆಸರಿನಲ್ಲಿ ಆರಂಭವಾದ ಟಿವಿ ಆಟವು 'ಬಿಗ್ ಬಾಸ್' ಆಗಿ 2006ರಲ್ಲಿ ಹಿಂದಿಗೂ 2013ರಲ್ಲಿ ಕನ್ನಡಕ್ಕೂ ಬಂತು. ಫೋನು, ಪತ್ರಿಕೆ, ಬಂಧುಬಳಗದ ಸಂಪರ್ಕವಿಲ್ಲದೆ ಕೆಲವರನ್ನು ಒಂದೇ ಮನೆಯಲ್ಲಿರಿಸಿ ಹಗಲೂ ರಾತ್ರಿ ಚಿತ್ರೀಕರಿಸುವುದೇ ಇದರ ತಿರುಳು.

ಇದು ಜನರನ್ನು ಸೆಳೆಯಲು ಕಾರಣಗಳಿವೆ. ಧಾರಾವಾಹಿಯ ಕಣ್ಣೀರು ನಟನೆಯೆಂದು ಎಲ್ಲರಿಗೂ ಗೊತ್ತು. ಇಲ್ಲಿನ ಕಣ್ಣೀರು ನಿಜವೆನಿಸುತ್ತದೆ. ಪರರ ಬದುಕಿನ ಬಗ್ಗೆ ಕುತೂಹಲವೂ ಮನುಷ್ಯ ಸಹಜ. ಮೇಲಾಗಿ, ಯಾರು ಉಳಿಯಬೇಕೆಂದು ಮತ ಹಾಕುವ ಅವಕಾಶ ವೀಕ್ಷಕರಿಗಿದೆ.

"ಅವರೇ ಒಪ್ಪಿ, ಹಣ ಪಡೆದು ಹೋಗಿದ್ದಾರೆ. ನಾವು ನೋಡಿದರೆ ತಪ್ಪೇನು?" ಎಂದು ಮಕ್ಕಳು ಕೇಳುತ್ತಾರೆ. ಇದು ಉತ್ತರಕ್ಕೆ ಅರ್ಹವಾದ ಪ್ರಶ್ನೆ.

ಪವಿತ್ರ ಕುರ್‌ಆನಿನ ಅಲ್ ಹುಜುರಾತ್ ಅಧ್ಯಾಯದ 12ನೇ ಸೂಕ್ತದಲ್ಲಿ ಅಲ್ಲಾಹನು ಸತ್ಯವಿಶ್ವಾಸಿಗಳಿಗೆ ಮೂರು ವಿಷಯಗಳನ್ನು ಒಂದರ ಹಿಂದೊಂದರಂತೆ ತಡೆದಿದ್ದಾನೆ: ಗುಮಾನಿ, ಪರರ ಗುಟ್ಟು ಕೆದಕುವುದು, ಪರದೂಷಣೆ. ಕೊನೆಯದನ್ನು ಸತ್ತ ಸಹೋದರನ ಮಾಂಸ ತಿನ್ನುವುದಕ್ಕೆ ಹೋಲಿಸಲಾಗಿದೆ.

ಈ ಆಟದಲ್ಲಿ ಮೂರೂ ಇವೆ. ಇಡೀ ದಿನದ ಚಿತ್ರೀಕರಣದಿಂದ ಸ್ವಲ್ಪವನ್ನಷ್ಟೇ ಆರಿಸಿ ತೋರಿಸುತ್ತಾರೆ. ಜಗಳ ಉಳಿದು, ರಾಜಿಯಾದದ್ದು ಕತ್ತರಿಗೆ ಸಿಕ್ಕಿರಬಹುದು. ಆ ತುಣುಕನ್ನು ನೋಡಿ "ಅವಳು ಕಪಟಿ" ಎಂದು ತೀರ್ಮಾನಿಸುವುದು ಗುಮಾನಿಯಲ್ಲದೆ ಇನ್ನೇನು? ಪಿಸುಮಾತನ್ನೂ ಬಿಡದ ಕ್ಯಾಮರಾ ಗುಟ್ಟು ಕೆದಕುತ್ತದೆ. ನಾಮಿನೇಷನ್‌ನಲ್ಲಂತೂ ಜೊತೆಗಿರುವವರ ಕೊರತೆಯನ್ನು ಹೇಳಲೇಬೇಕು. ಪರದೂಷಣೆ ಅಲ್ಲಿ ಆಟದ ನಿಯಮವೇ ಆಗಿದೆ.

ಸ್ಪರ್ಧಿ ಒಪ್ಪಿದ್ದು ಚಿತ್ರೀಕರಣಕ್ಕೆ. ಅದು ನಮ್ಮ ನಾಲಗೆಗೆ ಕೊಟ್ಟ ಪರವಾನಗಿಯಲ್ಲ. ಮೊಬೈಲ್‌ನಲ್ಲಿ ಬರುವ ನಿಂದನೆಗಳನ್ನು ಓದುವ ಅವರ ತಾಯಿ, ಮಕ್ಕಳು ಯಾವುದಕ್ಕೂ ಒಪ್ಪಿರಲಿಲ್ಲ. ಒಬ್ಬರಲ್ಲಿ ನಿಜವಾಗಿ ಇರುವ ದೋಷವನ್ನು ಅವರ ಬೆನ್ನ ಹಿಂದೆ ಹೇಳಿದರೆ ಪರದೂಷಣೆ, ಇಲ್ಲದ್ದನ್ನು ಹೇಳಿದರೆ ಸುಳ್ಳಾರೋಪ ಎಂದು ಪ್ರವಾದಿವರ್ಯರು(ಸ) ವಿವರಿಸಿದ್ದಾರೆ. "ನಿಜವನ್ನೇ ಹೇಳಿದೆ" ಎಂಬ ಸಮರ್ಥನೆಗೆ ಅಲ್ಲಿ ಜಾಗವಿಲ್ಲ.

ಟಿವಿ ಆರಿಸಿದ ಮೇಲೂ ಈ ಅಭ್ಯಾಸ ಉಳಿಯುತ್ತದೆ. ಊಟದ ಹೊತ್ತಿನಲ್ಲಿ ಸ್ಪರ್ಧಿಗಳ ಗುಣದೋಷ ಎಣಿಸಿದ ಮಗು ನಾಳೆ ಚಿಕ್ಕಮ್ಮನನ್ನು, ನೆರೆಮನೆಯವರನ್ನು ಅದೇ ಕಣ್ಣಿನಿಂದ ಅಳೆಯುತ್ತದೆ.

ಬೈದು ಟಿವಿ ನಿಲ್ಲಿಸಿದರೆ ಮಕ್ಕಳು ಮೊಬೈಲ್‌ನಲ್ಲಿ ನೋಡುತ್ತಾರೆ. ಅದಕ್ಕಿಂತ ಅವರ ಜೊತೆ ಮಾತಾಡಿ. "ನಮಗೆ ತೋರಿಸದೆ ಬಿಟ್ಟದ್ದು ಏನಿರಬಹುದು? ಅಲ್ಲಿ ನಿನ್ನ ಅಕ್ಕ ಇದ್ದಿದ್ದರೆ ಹೀಗೆ ಹೇಳುತ್ತಿದ್ದೆಯಾ?" ಎಂದು ಕೇಳಿ. ಟಿವಿ ಏಕೆ ಆರಿಸಬೇಕೆಂಬುದು ಆಗ ಅವರಿಗೇ ಅರ್ಥವಾದೀತು.

ಇತರರ ಕೊರತೆಯನ್ನು ಮುಚ್ಚುವವರ ಕೊರತೆಯನ್ನು ಅಲ್ಲಾಹನು ಮುಚ್ಚುವನೆಂಬ ಶುಭವಾರ್ತೆ ನಮಗಿದೆ. ಆ ಮುಚ್ಚುಗೆ ನಮಗೆಲ್ಲರಿಗೂ ಬೇಕು.