ಮಡಚಿದ ಬೆರಳು: ಸೂಜಿಯೋ, ಕತ್ತಿಯೋ?

ಒಮಾನಿಗಳ ಜೊತೆ ಒಡನಾಡಿದವರಿಗೆ ಗೊತ್ತು, ಇಲ್ಲಿ ಕೈಗೆ ಎಷ್ಟು ಕೆಲಸ ಅಂತ. ಸಲಾಂ ಹೇಳಿ ಕೈ ಹಿಡಿದರೆ ಮನೆ, ಮಕ್ಕಳು, ಊರು ಎಲ್ಲ ವಿಚಾರಿಸಿ ಮುಗಿಯುವ ತನಕ ಬಿಡುವುದಿಲ್ಲ. ಊಟಕ್ಕೆ ಕೂತರೆ ದೊಡ್ಡ ತಾಟಿನ ಸುತ್ತ ನಾಲ್ಕೈದು ಜನ, ನಮ್ಮ ಹಾಗೇ ಕೈಯಲ್ಲೇ ಊಟ. ಇಂಥ ಕಡೆ ಒಂದು ಬೆರಳು ಮಡಚಿಕೊಂಡು ನೆಟ್ಟಗಾಗದೇ ಹೋದರೆ? ಶುರುವಿನಲ್ಲಿ ಯಾರಿಗೂ ಕಾಣಿಸುವುದಿಲ್ಲ. ಆಮೇಲೆ ಮುಖ ತೊಳೆಯುವಾಗ ಬೆರಳು ಕಣ್ಣಿಗೆ ಚುಚ್ಚುತ್ತದೆ. ಜೇಬಿಗೆ ಕೈ ಹಾಕಿದರೆ ಅಲ್ಲೇ ಸಿಕ್ಕಿಕೊಳ್ಳುತ್ತದೆ. ಕೈ ಕೊಡುವಾಗ ಎದುರಿನವರು ಒಮ್ಮೆ ಕೆಳಗೆ ನೋಡುತ್ತಾರೆ.

ಸೊಹಾರ್ ಕಡೆ ಟ್ರೇಲರ್ ಓಡಿಸುವ ಪುತ್ತೂರಿನ ಅಣ್ಣ ಒಬ್ಬರಿದ್ದಾರೆ. ಅವರ ಬಲಗೈ ಉಂಗುರ ಬೆರಳಿಗೆ ಆದದ್ದು ಇದೇ. "ಸ್ಟೇರಿಂಗ್ ಹಿಡಿಲಿಕ್ಕೆ ಏನೂ ತೊಂದರೆ ಇಲ್ಲ ಮಾರಾಯ್ರೆ, ಆದ್ರೆ ಗ್ಲೌಸ್ ಹೋಗುದಿಲ್ಲ. ಗ್ಲೌಸ್ ಇಲ್ಲದಿದ್ರೆ ಸೈಟಿನ ಗೇಟಲ್ಲೇ ನಿಲ್ಲಿಸ್ತಾರೆ" ಅಂತ ಅವರ ಸಂಕಟ. ಬೆರಳಿನ ವಿಷಯ ಹೀಗೆ ಹೊಟ್ಟೆಪಾಡಿನ ವಿಷಯ ಆಗಿಬಿಡುತ್ತದೆ ನೋಡಿ.

ಮೊದಲು ಒಂದು ಮಾತು. ಬೆರಳು ಮಡಚಿಕೊಳ್ಳುವುದಕ್ಕೆಲ್ಲ ಒಂದೇ ಕಾರಣ ಅಲ್ಲ. ಬೆಳಿಗ್ಗೆ ಎದ್ದಾಗ ಬೆರಳು ಸಿಕ್ಕಿಹಾಕಿಕೊಂಡು, ಇನ್ನೊಂದು ಕೈಯಲ್ಲಿ ಎಳೆದರೆ 'ಟಕ್' ಅಂತ ಬಿಡಿಸಿಕೊಳ್ಳುತ್ತದಾ? ಅದು ಟ್ರಿಗರ್ ಫಿಂಗರ್. ಸಕ್ಕರೆ ಕಾಯಿಲೆಯವರಲ್ಲಿ ಜಾಸ್ತಿ. ಒಂದು ಸ್ಟೀರಾಯ್ಡ್ ಇಂಜೆಕ್ಷನ್‌ನಲ್ಲೇ ಎಷ್ಟೋ ಜನರಿಗೆ ಸರಿಹೋಗುತ್ತದೆ, ಆಗದಿದ್ದರೆ ಸಣ್ಣದೊಂದು ಆಪರೇಷನ್. ನಮಸ್ಕಾರ ಮಾಡಿದರೆ ಎರಡೂ ಕೈಯ ಬೆರಳುಗಳು ಒಂದಕ್ಕೊಂದು ಪೂರ್ತಿ ತಾಗುವುದಿಲ್ಲ, ನಡುವೆ ಸಂದಿ ಉಳಿಯುತ್ತದೆ ಅಂತಾದರೆ ಅದು ಸಕ್ಕರೆ ಕಾಯಿಲೆಯಿಂದ ಬರುವ ಇನ್ನೊಂದು ಬಗೆಯ ಬಿಗಿತ. ಬೆರಳು ಮಡಚುವುದರ ಜೊತೆಗೆ ಜೋಮು ಹಿಡಿದಿದೆ, ಬಿಸಿ ತಣ್ಣಗೆ ಗೊತ್ತಾಗುವುದಿಲ್ಲ, ಬಲ ಇಲ್ಲ ಅಂತಿದ್ದರೆ ಅದು ನರದ ತೊಂದರೆ. ಮೊಣಕೈ ಹತ್ತಿರ ನರ ಒತ್ತಿಕೊಂಡಿರಬಹುದು, ಕುಷ್ಠವೂ ಇರಬಹುದು. ಗಲ್ಫಿನಲ್ಲಿರುವ ನಮ್ಮವರು ಇದನ್ನು ಮೆಡಿಕಲ್‌ಗೆ ಹೆದರಿ ಮುಚ್ಚಿಡುವುದುಂಟು. ದಯವಿಟ್ಟು ಹಾಗೆ ಮಾಡಬೇಡಿ. ಕುಷ್ಠ ಇವತ್ತು ಔಷಧಿಯಿಂದ ಗುಣವಾಗುವ ಕಾಯಿಲೆ, ಆದರೆ ತಡ ಮಾಡಿ ಕಳಕೊಂಡ ಬೆರಳಿನ ಸ್ಪರ್ಶ ವಾಪಸ್ ಬರುತ್ತದೆ ಅನ್ನುವ ಭರವಸೆ ಇಲ್ಲ.

ಅಣ್ಣನದ್ದು ಇದ್ಯಾವುದೂ ಅಲ್ಲ. ಅಂಗೈಯಲ್ಲಿ ಉಂಗುರ ಬೆರಳಿನ ಬುಡಕ್ಕೆ ಒಂದು ಗಂಟು, ಅಲ್ಲಿಂದ ಬೆರಳಿಗೆ ಚರ್ಮದಡಿ ಹುರಿಯ ಹಾಗೆ ಎದ್ದ ಏಣು. ನೋವಿಲ್ಲ. ಊರಲ್ಲಾದರೆ "ನರ ಎಳಕೊಂಡಿದೆ" ಅಂತ ಎಣ್ಣೆ ಹಾಕಿ ನೀವುತ್ತಾರೆ. ಆದರೆ ಅದು ನರವೂ ಅಲ್ಲ, ಬೆರಳು ಮಡಚುವ ಸ್ನಾಯುರಜ್ಜುವೂ ಅಲ್ಲ. ಅಂಗೈ ಚರ್ಮದ ಕೆಳಗೆ ಗಟ್ಟಿಯಾದ ಒಂದು ಪೊರೆ ಇದೆ. ಅದು ದಪ್ಪವಾಗಿ ಹುರಿಗಟ್ಟಿ, ವರ್ಷಗಟ್ಟಲೆ ನಿಧಾನಕ್ಕೆ ಕುಗ್ಗುತ್ತಾ ಬೆರಳನ್ನು ಅಂಗೈ ಕಡೆಗೆ ಎಳೆಯುತ್ತದೆ. ಎಣ್ಣೆ ನೀವಿದರೆ, ಬಲವಂತದಿಂದ ಎಳೆದರೆ ಈ ಹುರಿ ಸಡಿಲ ಆಗುವುದಿಲ್ಲ.

ಇದರ ಹೆಸರು ಡುಪ್ಯುಟ್ರನ್ ಕಾಂಟ್ರ್ಯಾಕ್ಚರ್. ಪ್ಯಾರಿಸ್ಸಿನ ಸರ್ಜನ್ ಗಿಯೋಮ್ ಡುಪ್ಯುಟ್ರನ್ 1831ರಲ್ಲಿ ಒಬ್ಬ ವೈನ್ ವ್ಯಾಪಾರಿಯ ಕೈಗೆ ಆಪರೇಷನ್ ಮಾಡಿ, ಅದರ ಬಗ್ಗೆ ಪಾಠ ಮಾಡಿದ. ಅವನ ಪಾಠದಲ್ಲಿ ಬರುವ ಇನ್ನೊಬ್ಬ ರೋಗಿ ಸಾರೋಟು ಹೊಡೆಯುವವ! ಚಾವಟಿ ಹಿಡಿದು ಹಿಡಿದು ಹೀಗಾಗಿದೆ ಅಂತ ಆಗಿನ ಲೆಕ್ಕಾಚಾರ. ಅರಿವಳಿಕೆ ಇನ್ನೂ ಬಂದಿರದ ಕಾಲ ಅದು, ಆ ವ್ಯಾಪಾರಿಯ ಧೈರ್ಯ ದೊಡ್ಡದು. ಬಿಳಿಯರಲ್ಲಿ, ಅದರಲ್ಲೂ ಉತ್ತರ ಯುರೋಪಿನ ಮೂಲದವರಲ್ಲಿ ಇದು ತುಂಬಾ ಸಾಮಾನ್ಯ. ಮಾರ್ಗರೆಟ್ ಥ್ಯಾಚರ್ 1986ರಲ್ಲಿ, ರೊನಾಲ್ಡ್ ರೇಗನ್ 1989ರ ಜನವರಿಯಲ್ಲಿ ಇದಕ್ಕೇ ಆಪರೇಷನ್ ಮಾಡಿಸಿಕೊಂಡರು. ನಮ್ಮಲ್ಲಿ ಅಪರೂಪ, ಆದರೆ ಇಲ್ಲವೇ ಇಲ್ಲ ಅಂತಲ್ಲ. ಸಕ್ಕರೆ ಕಾಯಿಲೆ ಇದ್ದರೆ ಸಾಧ್ಯತೆ ಹೆಚ್ಚು. ಸಿಗರೇಟು, ಕುಡಿತದ ಹೆಸರೂ ಕೇಳಿಬರುತ್ತದೆ. ಅದುರುವ ಯಂತ್ರ ಹಿಡಿದು ವರ್ಷಗಟ್ಟಲೆ ದುಡಿದವರಿಗೆ ಬಂದರೆ ಅದನ್ನು ಔದ್ಯೋಗಿಕ ಕಾಯಿಲೆ ಅಂತ ಬ್ರಿಟನ್ 2019ರಲ್ಲಿ ಒಪ್ಪಿಕೊಂಡಿತು. ರಸ್ತೆ ಒಡೆಯುವ ಡ್ರಿಲ್ ಹಿಡಿದು ಗಲ್ಫಿನಲ್ಲಿ ದುಡಿಯುವ ನಮ್ಮ ಹುಡುಗರೂ ಇದನ್ನು ತಿಳಿದಿರಲಿ.

ಯಾವಾಗ ಡಾಕ್ಟರ ಹತ್ತಿರ ಹೋಗಬೇಕು? ಅಂಗೈಯನ್ನು ಮೇಜಿನ ಮೇಲೆ ಬೋರಲಾಗಿ ಇಡಿ. ಬೆರಳು, ಅಂಗೈ ಎರಡೂ ಮೇಜಿಗೆ ಸಮತಟ್ಟಾಗಿ ಕೂರದಿದ್ದರೆ ಹೋಗಿ ತೋರಿಸುವ ಹೊತ್ತಾಯಿತು ಅಂತ ಅರ್ಥ. ಗಂಟು ಮಾತ್ರ ಇದೆ, ಬೆರಳು ನೆಟ್ಟಗೇ ಇದೆ ಅಂದರೆ ಸಾಮಾನ್ಯವಾಗಿ ಕಾದು ನೋಡುತ್ತಾರೆ.

ಮುಂದೆ ಮೂರು ದಾರಿ.

ಒಂದನೆಯದು ಸೂಜಿ. ಚರ್ಮವನ್ನಷ್ಟೇ ಮರಗಟ್ಟಿಸಿ, ಸೂಜಿಯ ಮೊನೆಯಿಂದ ಒಳಗಿನ ಹುರಿಯನ್ನು ಅಲ್ಲಲ್ಲಿ ಕೆರೆದು ಬಲ ಕುಂದಿಸಿ, ಬೆರಳು ಹಿಡಿದು ನೆಟ್ಟಗೆ ಮಾಡುತ್ತಾರೆ. ಹುರಿ ಕಿತ್ತು ಬರುತ್ತದೆ. ಸೂಜಿ ನರದ ಹತ್ತಿರ ಹೋದರೆ ರೋಗಿಗೆ ಜುಂ ಅನ್ನಬೇಕು, ಅವನು ಹೇಳಬೇಕು, ಅದಕ್ಕೇ ಪೂರ್ತಿ ಮರಗಟ್ಟಿಸುವುದಿಲ್ಲ. 1970ರ ದಶಕದಲ್ಲಿ ಫ್ರಾನ್ಸಿನ ವೈದ್ಯರು ಬಳಕೆಗೆ ತಂದ ವಿಧಾನ ಇದು. ಹೊಲಿಗೆ ಇಲ್ಲ, ಅವತ್ತೇ ಮನೆಗೆ. ಹಗುರ ಕೆಲಸಕ್ಕೆ ಕೆಲವೇ ದಿನಗಳಲ್ಲಿ ಮರಳಬಹುದು. ಹುರಿ ತುಂಡಾಗುತ್ತದೆ, ಆದರೆ ಒಳಗೇ ಉಳಿಯುತ್ತದೆ. ತೊಂದರೆ ಇರುವುದೇ ಅಲ್ಲಿ.

ಎರಡನೆಯದು ಇಂಜೆಕ್ಷನ್. ಕೊಲಾಜಿನೇಸ್ ಅನ್ನುವ ಕಿಣ್ವವನ್ನು ಹುರಿಗೆ ಚುಚ್ಚಿದರೆ ಅದು ಹುರಿಯನ್ನು ಕರಗಿಸುತ್ತದೆ. ಒಂದೆರಡು ದಿನ ಬಿಟ್ಟು ಬೆರಳು ಎಳೆದು ನೆಟ್ಟಗೆ ಮಾಡುತ್ತಾರೆ. ಕೈ ಊದುವುದು, ನೀಲಿಗಟ್ಟುವುದು ಮಾಮೂಲು. ಅಪರೂಪಕ್ಕೆ ಸ್ನಾಯುರಜ್ಜುವೇ ತುಂಡಾಗುವುದುಂಟು. ಅಮೆರಿಕದಲ್ಲಿ 2010ರಲ್ಲಿ ಇದಕ್ಕೆ ಅನುಮತಿ ಸಿಕ್ಕಿತು. ಯುರೋಪಿನ ಮಾರುಕಟ್ಟೆಯಿಂದ 2020ರಲ್ಲಿ ಕಂಪನಿಯೇ ವ್ಯಾಪಾರದ ಕಾರಣಕ್ಕೆ ವಾಪಸ್ ತೆಗೆದುಕೊಂಡಿತು. ಹಾಗಾಗಿ ಇಂಟರ್ನೆಟ್ಟಿನಲ್ಲಿ ಓದಿ "ಆ ಇಂಜೆಕ್ಷನ್ನೇ ಕೊಡಿ" ಅಂತ ಹಟ ಹಿಡಿದು ಹೋಗಬೇಡಿ.

ಮೂರನೆಯದು ಆಪರೇಷನ್. ಅಂಗೈಯನ್ನು ಅಂಕುಡೊಂಕಾಗಿ ಕೊಯ್ದು, ನರ ರಕ್ತನಾಳಗಳನ್ನು ಬಿಡಿಸಿಟ್ಟು, ಕೆಟ್ಟ ಹುರಿಯನ್ನೇ ತೆಗೆದುಹಾಕುವುದು. ಮತ್ತೆ ಮತ್ತೆ ಬಂದವರಿಗೆ ಮೇಲಿನ ಚರ್ಮವನ್ನೂ ತೆಗೆದು ಬೇರೆ ಚರ್ಮ ಕಸಿ ಮಾಡುವುದುಂಟು. ಹೊಲಿಗೆ ಬಿಚ್ಚಲಿಕ್ಕೆ ಎರಡು ವಾರ, ಆಮೇಲೆ ಫಿಸಿಯೋಥೆರಪಿ, ಕೆಲವರಿಗೆ ರಾತ್ರಿ ಕಟ್ಟಿಕೊಳ್ಳುವ ಸ್ಪ್ಲಿಂಟ್. ಭಾರದ ಕೆಲಸಕ್ಕೆ ಕೈ ತಯಾರಾಗಲಿಕ್ಕೆ ಒಂದೂವರೆಯಿಂದ ಮೂರು ತಿಂಗಳು ಹಿಡಿಯಬಹುದು. ಸೋಂಕು, ನರಕ್ಕೆ ಪೆಟ್ಟು, ಬಿಗಿತ, ಈ ಅಪಾಯಗಳೂ ಸೂಜಿಗಿಂತ ಜಾಸ್ತಿ.

ಹಾಗಾದರೆ ಸೂಜಿಯೇ ಒಳ್ಳೆಯದಲ್ವಾ ಅನ್ನಿಸುತ್ತದೆ. ಲೆಕ್ಕ ನೋಡಿ. ಫಿನ್ಲೆಂಡಿನ ಆರು ಆಸ್ಪತ್ರೆಗಳಲ್ಲಿ 302 ರೋಗಿಗಳನ್ನು ಚೀಟಿ ಎತ್ತಿದ ಹಾಗೆ ಮೂರು ಗುಂಪು ಮಾಡಿ ಮೂರೂ ಚಿಕಿತ್ಸೆ ಕೊಟ್ಟು ನೋಡಿದರು. 2024ರಲ್ಲಿ ಪ್ರಕಟವಾದ ಫಲಿತಾಂಶದ ಪ್ರಕಾರ ಮೂರು ತಿಂಗಳಿಗೆ ಮೂವರೂ ಸಮಸಮ, ನೂರಕ್ಕೆ ಎಪ್ಪತ್ತರ ಮೇಲೆ ಯಶಸ್ಸು. ಎರಡು ವರ್ಷಕ್ಕೆ ಚಿತ್ರವೇ ಬೇರೆ: ಆಪರೇಷನ್ 78, ಇಂಜೆಕ್ಷನ್ 65, ಸೂಜಿ 50. ನೆದರ್ಲೆಂಡ್ಸ್‌ನವರು ಐದು ವರ್ಷ ಬೆನ್ನು ಹತ್ತಿ 2012ರಲ್ಲಿ ಪ್ರಕಟಿಸಿದ ಲೆಕ್ಕದಲ್ಲಿ ಸೂಜಿ ಹಾಕಿಸಿಕೊಂಡವರಲ್ಲಿ ನೂರಕ್ಕೆ 85 ಜನರಿಗೆ ಬೆರಳು ಮತ್ತೆ ಮಡಚಿತ್ತು, ಆಪರೇಷನ್ ಆದವರಲ್ಲಿ 21 ಜನರಿಗೆ ಮಾತ್ರ. ತಮಾಷೆ ಅಂದರೆ, ಮತ್ತೆ ಬಂದರೆ ಏನು ಮಾಡಿಸ್ತೀರಿ ಅಂತ ಕೇಳಿದರೆ ಬಹಳ ಮಂದಿ ಸೂಜಿಯೇ ಸಾಕು ಅಂದರಂತೆ! ಸುಲಭ, ಬೇಗ, ಬೇಕಾದರೆ ಇನ್ನೊಮ್ಮೆ ಹಾಕಿಸಿಕೊಳ್ಳಬಹುದು ಅನ್ನುವುದು ಸಣ್ಣ ಲಾಭ ಅಲ್ಲ. ಬ್ರಿಟನ್ನಿನಲ್ಲಿ 672 ಜನರ ಮೇಲೆ ನಡೆದ, 2024ರಲ್ಲೇ ಹೊರಬಂದ ಇನ್ನೊಂದು ಪರೀಕ್ಷೆಯಲ್ಲೂ ವರ್ಷದ ಕೊನೆಗೆ ಇಂಜೆಕ್ಷನ್ ಆಪರೇಷನ್ನಿಗೆ ಸಮ ಬರಲಿಲ್ಲ.

ಯಾವ ಗೆಣ್ಣು ಮಡಚಿದೆ ಅನ್ನುವುದೂ ಮುಖ್ಯ. ಬೆರಳಿನ ಬುಡದ ಗೆಣ್ಣು ಯಾವ ದಾರಿಯಲ್ಲಾದರೂ ಚೆನ್ನಾಗಿ ಬಿಡಿಸಿಕೊಳ್ಳುತ್ತದೆ. ನಡುವಿನ ಗೆಣ್ಣು ಹಟಮಾರಿ, ವರ್ಷಗಟ್ಟಲೆ ಮಡಚಿದ್ದರೆ ಗೆಣ್ಣೇ ಬಿಗಿದುಬಿಡುತ್ತದೆ. ಆಮೇಲೆ ಹುರಿ ತೆಗೆದರೂ ಪೂರ್ತಿ ನೆಟ್ಟಗಾಗುವುದಿಲ್ಲ. ನಡುಗೆಣ್ಣು ಬಾಗಲು ಶುರುವಾದರೆ "ನೋವಿಲ್ಲವಲ್ಲ, ನೋಡುವ" ಅಂತ ಮುಂದೆ ಹಾಕಬಾರದು ಅನ್ನುವುದು ಅದಕ್ಕೇ.

ಇನ್ನು ನಮ್ಮ ಕಥೆ. ಮಸ್ಕತ್ತಿನ ಖೌಲಾ ಆಸ್ಪತ್ರೆ ಪ್ಲಾಸ್ಟಿಕ್ ಸರ್ಜರಿಗೆ, ಮೂಳೆ ಚಿಕಿತ್ಸೆಗೆ ಈ ದೇಶದಲ್ಲೇ ಹೆಸರುವಾಸಿ. ಆದರೆ ಹೊರಗಿನಿಂದ ಬಂದ ನಾವು ಹೆಚ್ಚಾಗಿ ಖಾಸಗಿ ಆಸ್ಪತ್ರೆಗೆ, ಇಲ್ಲಾ ಊರಿಗೆ ಹೋದಾಗ ಮಂಗಳೂರಿಗೋ ಮಣಿಪಾಲಕ್ಕೋ ಹೋಗುವವರು. ಊರಿಗೆ ಹೋದಾಗ ಅಂದರೆ ಮೂವತ್ತು ದಿನದ ರಜೆ. ಅದರಲ್ಲಿ ಒಂದು ಮದುವೆ, ಒಂದು ಪೂಜೆ, ಬ್ಯಾಂಕಿನ ಕೆಲಸ. ಆಪರೇಷನ್ ಮಾಡಿಸಿ ಹೊಲಿಗೆ ಬಿಚ್ಚಿಸುವಷ್ಟರಲ್ಲಿ ವಿಮಾನ ಹತ್ತುವ ದಿನ ಬಂದಿರುತ್ತದೆ. ಫಿಸಿಯೋಥೆರಪಿ ಅಲ್ಲಿಗೇ ನಿಂತು, ಹದಿನೈದನೇ ದಿನಕ್ಕೆ ಗಾಡಿ ಹತ್ತಿದರೆ ಆಪರೇಷನ್ ಎಷ್ಟೇ ಚೆನ್ನಾಗಿ ಆಗಿದ್ದರೂ ಕೈ ಬಿಗಿಯುತ್ತದೆ.

ಪುತ್ತೂರಿನ ಅಣ್ಣ ಮೊದಲು ಸೂಜಿಯನ್ನೇ ಹಾಕಿಸಿಕೊಂಡಿದ್ದರು. ಬೆರಳು ಅವತ್ತೇ ನೆಟ್ಟಗಾಯಿತು, ಗ್ಲೌಸೂ ಹೋಯಿತು. ಮೂರು ವರ್ಷ ದುಡಿದರು. ಈಗ ಮತ್ತೆ ಬಾಗುತ್ತಿದೆ, ಈ ಸಲ ನಡುಗೆಣ್ಣು. ಸೂಜಿ ದಂಡ ಆಯಿತು ಅಂತ ಅವರ ಮನೆಯವರ ವಾದ. ನನಗೆ ಹಾಗನ್ನಿಸುವುದಿಲ್ಲ. ಮಗಳ ಓದು ಮುಗಿಯುವ ತನಕ ಕೆಲಸ ಉಳಿಸಿಕೊಟ್ಟ ಮೂರು ವರ್ಷ ಅದು. ಆದರೆ ಈಗ ಅವರಿಗೆ ಬೇಕಾದದ್ದು ಆಪರೇಷನ್, ಅದಕ್ಕೆ ಬೇಕಾದದ್ದು ಮೂರು ತಿಂಗಳು. ವಾರ್ಷಿಕ ರಜೆಗೆ ಸಂಬಳ ಇಲ್ಲದ ಎರಡು ತಿಂಗಳು ಸೇರಿಸಿ ಅರ್ಜಿ ಕೊಟ್ಟಿದ್ದಾರೆ. ಸಕ್ಕರೆಯನ್ನು ಹತೋಟಿಗೆ ತಂದುಕೊಂಡು ಹೋಗಿ, ಇಲ್ಲದಿದ್ದರೆ ಗಾಯ ಮಾಗುವುದು ತಡ ಅಂತ ಡಾಕ್ಟರು ಹೇಳಿದ್ದಾರಂತೆ.

ನಿಮ್ಮಲ್ಲಿ ಯಾರಿಗಾದರೂ ಇದೇ ತೊಂದರೆ ಇದ್ದರೆ ಡಾಕ್ಟರ ಹತ್ತಿರ "ಯಾವುದು ಒಳ್ಳೆಯದು?" ಅಂತ ಮಾತ್ರ ಕೇಳಬೇಡಿ. ನನ್ನದು ಯಾವ ಗೆಣ್ಣು? ನನ್ನ ಕೆಲಸಕ್ಕೆ ಎಷ್ಟು ದಿನ ಕೈ ಇರುವುದಿಲ್ಲ? ಮತ್ತೆ ಬಂದರೆ ಮುಂದೇನು? ನೀವು ಈ ಚಿಕಿತ್ಸೆಯನ್ನು ಎಷ್ಟು ಜನರಿಗೆ ಮಾಡಿದ್ದೀರಿ? ಈ ನಾಲ್ಕನ್ನೂ ಕೇಳಿ, ಉತ್ತರ ಬರೆದುಕೊಳ್ಳಿ. ರಜೆಯ ಟಿಕೆಟ್ ಮಾಡಿಸುವುದು ಆಮೇಲೆ.