ಹೆಣ್ಣೇ ಹಾಕಿದ ಹೆಣ್ಣುವೇಷ

ಕಾರ್ಕಳ ಬಳಿಯ ಬಜಗೋಳಿ ಕಡೆಯ ಯಕ್ಷಗಾನ ಬಯಲಾಟಗಳಲ್ಲಿ ಚೌಕಿಗೆ, ಅಂದರೆ ಬಣ್ಣದ ಮನೆಗೆ, ಇಣುಕಿದವರಿಗೆ ಗಂಡಸು ಸೀರೆಯುಟ್ಟು ದ್ರೌಪದಿಯಾಗುವುದು ಹೊಸತೇನಲ್ಲ. ಬಣ್ಣ ಬಿದ್ದದ್ದೇ ತಡ, ನಡಿಗೆ, ಓರೆನೋಟ, ಮಾತಿನ ಧಾಟಿ ಎಲ್ಲ ಬದಲು. ಆದರೆ ಹೆಂಗಸೇ ಹೆಣ್ಣುವೇಷ ಕಟ್ಟಿದರೆ? ಬೆಂಗಳೂರಿನ ಕಲಾವಿದೆ ಎನ್. ಪುಷ್ಪಮಾಲಾ ತೊಂಬತ್ತರ ದಶಕದಿಂದ ಮಾಡುತ್ತಾ ಬಂದಿರುವುದು ಅದನ್ನೇ.

1956ರಲ್ಲಿ ಹುಟ್ಟಿದ ಅವರು ಬರೋಡಾದಲ್ಲಿ ಶಿಲ್ಪಕಲೆ ಕಲಿತವರು. ಮಣ್ಣಿನ ಶಿಲ್ಪಗಳಿಂದ ಹೆಸರಾದ ಮೇಲೆ ಉಳಿ, ಮಣ್ಣು ಬದಿಗಿಟ್ಟು ಕ್ಯಾಮೆರಾದೆದುರು ತಾವೇ ನಿಂತರು. ‘ಫ್ಯಾಂಟಮ್ ಲೇಡಿ’ (1996–98) ಚಿತ್ರಸರಣಿಯಲ್ಲಿ ಮುಖವಾಡ ತೊಟ್ಟ ಸಾಹಸಿಯೂ ಅವರೇ, ಕಳೆದುಹೋದ ಅವಳಿ ಸಹೋದರಿಯೂ ಅವರೇ. ಹಳೇ ಹಿಂದಿ ಸಿನಿಮಾದ ಸಾಹಸನಟಿ ನಾಡಿಯಾಳ ಗತ್ತು, ಮುಂಬಯಿಯ ರಾತ್ರಿ.

ಹೆಚ್ಚು ಚರ್ಚೆಯಾದದ್ದು ಮಾತ್ರ 2000ರಿಂದ 2004ರವರೆಗೆ ಛಾಯಾಗ್ರಾಹಕಿ ಕ್ಲೇರ್ ಆರ್ನಿ ಜೊತೆ ಮಾಡಿದ ‘ದಕ್ಷಿಣ ಭಾರತದ ದೇಶೀ ಸ್ತ್ರೀಯರು’ ಎಂಬ ಯೋಜನೆ. ರವಿವರ್ಮನ ಬೆಳದಿಂಗಳ ಹೆಣ್ಣು, ಲಕ್ಷ್ಮಿ, ಬಿಜಾಪುರದ ಕಿರುಚಿತ್ರದ ಯೋಗಿನಿ, ಪತ್ರಿಕೆಯಲ್ಲಿ ಬಂದ ಬಂಧಿತ ಹೆಂಗಸರು: ಇವರೆಲ್ಲರ ಭಂಗಿ, ಒಡವೆ, ಪರದೆಗಳನ್ನು ಮತ್ತೆ ಕಟ್ಟಿ ಪುಷ್ಪಮಾಲಾ ಅದರೊಳಗೆ ನಿಂತರು.

ಅಣಕವೆಂದು ನಕ್ಕು ಮುಂದೆ ಹೋಗಬಹುದು. ಆದರೆ ಅದೇ ಯೋಜನೆಯ, ನೀಲಗಿರಿಯ ತೋಡ ಬುಡಕಟ್ಟಿನ ಹೆಂಗಸಿನ ಚಿತ್ರದ ಮುಂದೆ ಆ ನಗು ನಿಲ್ಲುವುದಿಲ್ಲ. ಹತ್ತೊಂಬತ್ತನೇ ಶತಮಾನದಲ್ಲಿ ಬ್ರಿಟಿಷರು ‘ಬುಡಕಟ್ಟಿನವರ’ ಮೈ ಅಳೆಯಲು ಚೌಕಳಿ ಪರದೆಯ ಮುಂದೆ ನಿಲ್ಲಿಸಿ ಫೋಟೊ ತೆಗೆಯುತ್ತಿದ್ದರು. ಪ್ರತಿ ಚೌಕ ಎರಡು ಅಂಗುಲ. ಎತ್ತರ, ಭುಜದಗಲ ಎಷ್ಟೆಂದು ಎಣಿಸಿ ಹೇಳಬಹುದಿತ್ತು. ನಿಂತವಳ ಒಪ್ಪಿಗೆಯನ್ನು ಕೇಳಿದವರು ಯಾರು? ಅಂಥದೇ ಪರದೆಯ ಮುಂದೆ ಕಲಾವಿದೆ ನೆಟ್ಟಗೆ ನಿಂತಾಗ, ನೋಡುವ ನಾವೇ ಅಳತೆಗೋಲು ಹಿಡಿದವರಾಗುತ್ತೇವೆ. ಇಡೀ ಸರಣಿಯಲ್ಲಿ ನನಗೆ ಇದೇ ಗಟ್ಟಿ ಕೆಲಸ ಅನ್ನಿಸುತ್ತದೆ. ರವಿವರ್ಮನ ಲಕ್ಷ್ಮಿ ಇದರ ಮುಂದೆ ಬರೀ ಚೆಂದ.

ವೀಡಿಯೊಗಳಲ್ಲಿ ಇದೇ ಆಟ ಮನೆಯೊಳಕ್ಕೆ ಬರುತ್ತದೆ. 2004ರ ‘ರಾಷ್ಟ್ರೀಯ ಖೀರ್ ಮತ್ತು ದೇಶೀಯ ಸಲಾಡ್’ಗೆ ಮೂಲ ಅವರ ತಾಯಿ ಮತ್ತು ಅತ್ತೆ ಬರೆದಿಟ್ಟಿದ್ದ ಅಡುಗೆ ಪುಸ್ತಕಗಳು. ಸೈನ್ಯದ ಗಂಡ, ಬಸುರಿ ಹೆಂಡತಿ, ಒಬ್ಬ ಮಗ. ಕಪ್ಪುಹಲಗೆಯ ಮೇಲೆ ಅಡುಗೆಯ ವಿವರವೂ ಬರುತ್ತದೆ, ಸೈನಿಕ ಪಾಠವೂ ಬರುತ್ತದೆ. ಸ್ವಾತಂತ್ರ್ಯಾನಂತರದ ‘ಆದರ್ಶ ಕುಟುಂಬ’ ಹೇಗೆ ಬೇಯುತ್ತಿತ್ತು ಎಂಬುದು ಪಾಯಸದ ಪಾತ್ರೆಯಲ್ಲೇ ಕಾಣುತ್ತದೆ. ಮತ್ತೆ ಫೋಟೊಗಳಿಗೆ ಮರಳಿದ 2012ರ ‘ಆವೇಗ’ ಚಿತ್ರಸರಣಿಯಲ್ಲಿ ಅವರು ಹಿಡಿದದ್ದು ಕೈಕೇಯಿ, ಶೂರ್ಪನಖಿ, ಸೀತೆಯರನ್ನು. ಯಕ್ಷಗಾನದ ಊರಿನವರಿಗೆ ಈ ಮೂವರ ಪರಿಚಯ ಮಾಡಿಕೊಡಬೇಕಿಲ್ಲ.

ಅಂದಹಾಗೆ, ತಮ್ಮ ಕಲೆಗಾಗಿ ಅವರು ಕಟ್ಟಿಕೊಂಡ ಕಾಲ್ಪನಿಕ ಸಂಸ್ಥೆಯ ಹೆಸರು ‘ಸೋಂಬೇರಿಕಟ್ಟೆ’. ಇಷ್ಟೊಂದು ವೇಷ ಕಟ್ಟುವವರಿಗೆ ಒಪ್ಪುವ ತಮಾಷೆ.

ಇವೆಲ್ಲ ಗ್ಯಾಲರಿಗಳಲ್ಲೇ ಉಳಿಯಬೇಕೆಂದೇನಿಲ್ಲ. ಮಣಿಪಾಲ, ಉಡುಪಿ, ಕಾರ್ಕಳದ ಕಾಲೇಜುಗಳು ಒಂದು ಸಂಜೆ ಪರದೆ ಕಟ್ಟಿ ಈ ವೀಡಿಯೊಗಳನ್ನು ತೋರಿಸಲಿ, ಆಮೇಲಿನ ಮಾತುಕತೆಗೆ ಸ್ತ್ರೀವೇಷಧಾರಿಗಳನ್ನೂ ಕರೆಯಲಿ.