ಟೇಲರ್ ಕಂಡ ಸಮಾಧಿಗಳು

ತಿಪಟೂರು, ತುರುವೇಕೆರೆ, ಚಿಕ್ಕನಾಯಕನಹಳ್ಳಿ ಸೀಮೆಯ ತೋಟಗಾರರು ಬಲ್ಲ ಸಂಗತಿಯೊಂದಿದೆ. ತೆಂಗಿನ ಸಸಿಗೆಂದು ತೋಡಿದ ಗುಂಡಿಯನ್ನು ಎಷ್ಟೇ ಎಚ್ಚರದಿಂದ ಮುಚ್ಚಿದರೂ, ತುಂಬಿದ ಮಣ್ಣಿಗೂ ಸುತ್ತಲಿನ ನೆಲಕ್ಕೂ ಬಣ್ಣ, ಬಿಗಿಗಳಲ್ಲಿ ಭೇದ ಉಳಿಯುತ್ತದೆ. ಮಣ್ಣಿನ ಈ ಗುಣವೇ ಪ್ರಾಕ್ತನಶಾಸ್ತ್ರದ ದೊಡ್ಡ ಆಧಾರ.

ನಮ್ಮ ನಾಡಿನಲ್ಲಿ ಇದನ್ನು ಮೊದಲಿಗೆ ಬಳಸಿಕೊಂಡವರಲ್ಲಿ ಫಿಲಿಪ್ ಮೆಡೋಸ್ ಟೇಲರ್ (1808–1876) ಪ್ರಮುಖನು. 1841ರಿಂದ 1853ರವರೆಗೆ ಸುರಪುರ ಸಂಸ್ಥಾನದ ಆಡಳಿತ ನೋಡಿಕೊಂಡ ಈ ಅಧಿಕಾರಿ, ಜೇವರ್ಗಿ ಮುಂತಾದೆಡೆಗಳಲ್ಲಿ ಪ್ರಾಚೀನ ಕಲ್ಲುಸಮಾಧಿಗಳನ್ನು ಅಗೆಸಿದನು. ಸಿಕ್ಕಿದ್ದನ್ನು ಹೊತ್ತುಕೊಂಡು ಹೋಗುವುದೇ ವಾಡಿಕೆಯಾಗಿದ್ದ ಆ ಕಾಲದಲ್ಲಿ ಅವನು ಸಮಾಧಿಯ ಸೀಳುನಕ್ಷೆ ಬರೆದು, ಮಣ್ಣಿನ ಪದರ, ಕಲ್ಲು, ಮಡಕೆ, ಎಲುಬು ಇವುಗಳ ಸ್ಥಾನವನ್ನು ಗುರುತಿಸಿದನು. ಸುಮಾರು ನೂರು ವರ್ಷಗಳ ಅನಂತರ ಮಾರ್ಟಿಮರ್ ವೀಲರ್ ಈ ನಕ್ಷೆಗಳನ್ನು ಮೆಚ್ಚಿಕೊಂಡನು.

ವಿವಾದವಿರುವುದು ಟೇಲರನ ತೀರ್ಮಾನಗಳಲ್ಲಿ. ಕೆಲವು ಅಸ್ಥಿಪಂಜರಗಳ ತಲೆ ಮುಂಡದಿಂದ ಬೇರೆಯಾಗಿದ್ದುದನ್ನು ಕಂಡು, ಇದು ನರಬಲಿ ಎಂದು ಅವನು ಊಹಿಸಿದನು. ಯೂರೋಪಿನ ಕಲ್ಲುಗೋರಿಗಳ ಹೋಲಿಕೆಯನ್ನು ನಂಬಿ, ಇವು ಕೆಲ್ಟರ ಇಲ್ಲವೆ ಸಿಥಿಯನರ ಕೃತಿಗಳೆಂದನು. ಹೀಗೆ ಈ ನೆಲದ ಪೂರ್ವಿಕರಿಗೆ ಕ್ರೌರ್ಯದ ಅಪವಾದ ಬಂದಿತು. ಅವರ ಕೌಶಲದ ಕೀರ್ತಿ ಪರದೇಶಿಯರ ಪಾಲಾಯಿತು.

ತಲೆ ಬೇರೆಯಾಗಲು ಕತ್ತಿಯೇ ಬೇಕೆಂದಿಲ್ಲ. ಮಾಂಸ, ಸ್ನಾಯುಗಳು ಕರಗಿದ ಮೇಲೆ ಮಣ್ಣು ಕುಸಿದರೆ ದುಂಡಗಿನ ತಲೆಬುರುಡೆ ಉರುಳಬಹುದು. ಅಲ್ಲದೆ, 1947ರಲ್ಲಿ ಚಿತ್ರದುರ್ಗ ಜಿಲ್ಲೆಯ ಬ್ರಹ್ಮಗಿರಿಯಲ್ಲಿ ವೀಲರ್ ನಡೆಸಿದ ಉತ್ಖನನದಲ್ಲಿ, ಬೇರೆಡೆ ಶವ ಕರಗಿದ ತರುವಾಯ ಆಯ್ದು ತಂದ ಎಲುಬುಗಳನ್ನಿಟ್ಟ ಕಲ್ಲುಗೋರಿಗಳು ದೊರೆತವು. ಅಂಥಲ್ಲಿ ಎಲುಬುಗಳು ಚೆದುರಿರುವುದು ಸಂಸ್ಕಾರದ ಕುರುಹು, ಹತ್ಯೆಯದಲ್ಲ. ಶಿರಚ್ಛೇದ ನಡೆದಿದ್ದರೆ ಕೊರಳ ಎಲುಬುಗಳ ಮೇಲೆ ಆಯುಧದ ಗಾಯ ಕಾಣಬಹುದು; ಇಂದಿನ ಅಸ್ಥಿಶಾಸ್ತ್ರಜ್ಞರು ಮೊದಲು ಹುಡುಕುವುದು ಅದನ್ನೇ. ಕಲ್ಲುಗೋರಿಗಳನ್ನು ಕಟ್ಟಿದವರು ಕಬ್ಬಿಣ ಬಳಸುತ್ತಿದ್ದ ಇಲ್ಲಿಯ ಜನರೇ ಎಂಬುದು ಈಗಿನ ವಿದ್ವಾಂಸರ ಸಾಮಾನ್ಯ ಅಭಿಪ್ರಾಯ.

ಹಾಗಾದರೆ ಟೇಲರನನ್ನು ಮರೆಯಬೇಕೆ? ಇಲ್ಲ. ಅವನ ಊಹೆಯನ್ನು ಪ್ರಶ್ನಿಸಲು ನಮಗೆ ಒದಗುವ ಸಾಕ್ಷ್ಯದಲ್ಲಿ ಅವನೇ ಬರೆದಿಟ್ಟ ನಕ್ಷೆಗಳೂ ಸೇರಿವೆ. ಕಂಡದ್ದನ್ನು ಕಂಡಂತೆ ದಾಖಲಿಸಿದವನ ತಪ್ಪನ್ನು ಮುಂದಿನವರು ತಿದ್ದಬಲ್ಲರು. ದಾಖಲೆಯಿಲ್ಲದೆ ಕೆದಕಿದ ಸಮಾಧಿಯ ವಿಷಯದಲ್ಲಿ ಅದು ಸಾಧ್ಯವಿಲ್ಲ. ನಿಧಿಯ ಆಸೆಗೋ ಕಲ್ಲಿನ ಆಸೆಗೋ ಇಂಥ ಗೋರಿಯೊಂದನ್ನು ಕೆಡವಿದರೆ, ಅಲ್ಲಿ ಮಲಗಿದವರ ಪರವಾಗಿ ನುಡಿಯಬಲ್ಲ ಕಡೆಯ ಸಾಕ್ಷಿಯೂ ಅಳಿದಂತೆಯೇ.